ಅಲಿಯ ಚೀಲದೊಳಗಿನ ಕ್ಯಾಮೆರಾ

ಜರ್ಮನಿಯ ಪತ್ರಕರ್ತ ಗುಂಟರ್ ವಾಲ್‌ರಾಫ್ ಅವರ ಎರಡು ಸಾಕ್ಷ್ಯಚಿತ್ರಗಳನ್ನು ಈಚೆಗೆ ಒಂದೇ ವಾರದಲ್ಲಿ ನೋಡಿದೆ. ಒಂದು 1986ರದು, ಇನ್ನೊಂದು 2009ರದು. ಮೊದಲನೆಯದರಲ್ಲಿ ಅವರು ತುರ್ಕಿ ಕೂಲಿಯ ವೇಷ ಹಾಕಿದ್ದಾರೆ, ಎರಡನೆಯದರಲ್ಲಿ ಮೈಗೆ ಕಪ್ಪು ಬಣ್ಣ ಬಳಿದುಕೊಂಡು ಆಫ್ರಿಕಾದವನಾಗಿದ್ದಾರೆ. ಮೊದಲ ಚಿತ್ರ ಮುಗಿದಾಗ ನನಗೆ ಸಿಟ್ಟು ಬಂದಿತ್ತು. ಯಾರ ಮೇಲೆ ಎಂಬುದೂ ಸ್ಪಷ್ಟವಿತ್ತು. ಎರಡನೆಯದು ಮುಗಿದಾಗ ಆದದ್ದು ಮುಜುಗರ. ಅದು ಪರದೆಯ ಮೇಲಿದ್ದ ಜನರ ಬಗ್ಗೆಯೋ, ವಾಲ್‌ರಾಫ್ ಬಗ್ಗೆಯೋ, ನೋಡುತ್ತ ಕೂತ ನನ್ನ ಬಗ್ಗೆಯೋ ಎಂದು ತಿಳಿಯದೆ ಕೆಲವು ದಿನ ಒದ್ದಾಡಿದೆ. ಮನುಷ್ಯ ಅವನೇ, ವಿಧಾನವೂ ಅದೇ, ಉದ್ದೇಶವೂ ಹೆಚ್ಚುಕಡಿಮೆ ಅದೇ. ಹಾಗಿದ್ದೂ ಒಂದು ನಿಂತಿತು, ಇನ್ನೊಂದು ಕುಸಿಯಿತು ಎಂದು ನನಗೇಕೆ ಅನಿಸಿತು? ಈ ಬರಹ ಆ ಪ್ರಶ್ನೆಯನ್ನು ಬಿಡಿಸಿಕೊಳ್ಳುವ ಪ್ರಯತ್ನ.

ವಾಲ್‌ರಾಫ್ ಪರಿಚಯ ಇಲ್ಲದವರಿಗಾಗಿ ಸ್ವಲ್ಪ ಹಿನ್ನೆಲೆ. ಅವರು ಹುಟ್ಟಿದ್ದು 1942ರಲ್ಲಿ, ಕಲೋನ್ ಹತ್ತಿರದ ಬುರ್‌ಷೈಡ್‌ನಲ್ಲಿ. ಕಲಿತದ್ದು ಪುಸ್ತಕ ಮಾರಾಟದ ಕೆಲಸ. 1963ರಲ್ಲಿ ಕಡ್ಡಾಯ ಸೇನಾ ಸೇವೆಗೆ ಕರೆ ಬಂದಾಗ ಬಂದೂಕು ಹಿಡಿಯಲು ಒಪ್ಪಲಿಲ್ಲ. ಸೇನೆ ಅವರನ್ನು ಮನೋರೋಗ ವಿಭಾಗಕ್ಕೆ ಸೇರಿಸಿ, ಅಸಹಜ ವ್ಯಕ್ತಿತ್ವ ಎಂಬ ಹಣೆಪಟ್ಟಿ ಹಚ್ಚಿ ಹೊರಗೆ ಕಳಿಸಿತು. ಆ ದಿನಗಳಲ್ಲಿ ಬರೆದಿಟ್ಟ ದಿನಚರಿಯಿಂದಲೇ ಅವರ ಬರವಣಿಗೆ ಶುರುವಾಯಿತು. ಆಮೇಲೆ ಕಾರ್ಖಾನೆಗಳಲ್ಲಿ ಕೂಲಿಯಾಗಿ ದುಡಿದು, ಒಳಗಿನ ಸ್ಥಿತಿಯನ್ನು ಬರೆದರು. 1974ರಲ್ಲಿ ಗ್ರೀಸಿನ ಸೇನಾ ಸರ್ವಾಧಿಕಾರದ ವಿರುದ್ಧ ಅಥೆನ್ಸ್‌ನ ಸಿಂಟಾಗ್ಮಾ ಚೌಕದಲ್ಲಿ ದೀಪದ ಕಂಬಕ್ಕೆ ತಮ್ಮನ್ನು ಸರಪಳಿಯಿಂದ ಬಿಗಿದುಕೊಂಡು ಕರಪತ್ರ ಹಂಚಿ, ಚಿತ್ರಹಿಂಸೆಗೂ ಜೈಲಿಗೂ ಗುರಿಯಾದರು. 1977ರಲ್ಲಿ ಹಾನ್ಸ್ ಎಸ್ಸರ್ ಎಂಬ ಸುಳ್ಳು ಹೆಸರಿನಲ್ಲಿ 'ಬಿಲ್ಡ್' ಪತ್ರಿಕೆಯ ಹ್ಯಾನೋವರ್ ಕಚೇರಿ ಸೇರಿ, ಅಲ್ಲಿ ಸುದ್ದಿಯನ್ನು ಹೇಗೆ ಕುದಿಸಿ ಉಕ್ಕಿಸುತ್ತಾರೆ ಎಂದು ಪುಸ್ತಕ ಬರೆದರು. ಪತ್ರಿಕೆಯ ಮಾಲೀಕರು ಹೂಡಿದ ಮೊಕದ್ದಮೆಗಳು ದೇಶದ ಅತ್ಯುನ್ನತ ನ್ಯಾಯಾಲಯಗಳವರೆಗೆ ಹೋದವು. ಹೀಗೆ ವೇಷ ಮರೆಸಿ ಒಳಹೊಕ್ಕು ಬರೆಯುವುದಕ್ಕೆ ಸ್ವೀಡಿಷ್ ಭಾಷೆಯಲ್ಲಿ 'ವಾಲ್‌ರಾಫಾ' ಎಂಬ ಕ್ರಿಯಾಪದವೇ ಹುಟ್ಟಿಕೊಂಡು ನಿಘಂಟು ಸೇರಿತು. ಬರೆಯುವ ಎಷ್ಟು ಜನರಿಗೆ ಈ ಭಾಗ್ಯ ಸಿಕ್ಕೀತು!

1986ರ ಚಿತ್ರದ ಹೆಸರು 'ಗಾನ್ಸ್ ಉಂಟನ್'. 'ತೀರಾ ತಳದಲ್ಲಿ' ಎಂದು ಅನುವಾದಿಸಿಕೊಳ್ಳಬಹುದು. ನಿರ್ದೇಶಕ ಯೋರ್ಗ್ ಗ್‌ಫ್ರೋರರ್. ಅದೇ ಹೆಸರಿನ ಪುಸ್ತಕ 1985ರ ಅಕ್ಟೋಬರ್‌ನಲ್ಲಿ ಬಂದು, ಕೆಲವೇ ತಿಂಗಳಲ್ಲಿ ಇಪ್ಪತ್ತು ಲಕ್ಷಕ್ಕೂ ಹೆಚ್ಚು ಪ್ರತಿಗಳು ಮಾರಾಟವಾಗಿದ್ದವು. ವಾಲ್‌ರಾಫ್ ಕಪ್ಪು ಕಾಂಟ್ಯಾಕ್ಟ್ ಲೆನ್ಸ್ ಹಾಕಿಕೊಂಡು, ತಲೆಗೆ ಟೋಪನ್ ಸಿಕ್ಕಿಸಿಕೊಂಡು, ಎಂಥ ಕೊಳಕು ಕೆಲಸಕ್ಕೂ ಕಡಿಮೆ ಕೂಲಿಗೂ ಸಿದ್ಧ ಎಂದು ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟು 'ಅಲಿ'ಯಾದರು. ಅವರಿಗೆ ತುರ್ಕಿ ಭಾಷೆ ಬರುತ್ತಿರಲಿಲ್ಲ. ತಾಯಿ ಗ್ರೀಕಳು, ಬೆಳೆದದ್ದು ಗ್ರೀಸಿನಲ್ಲಿ ಎಂದು ಕಥೆ ಕಟ್ಟಿ, ಜರ್ಮನ್ ಪದಗಳ ಬಾಲ ಕತ್ತರಿಸಿ, ವಾಕ್ಯಗಳನ್ನು ಹಿಂದೆಮುಂದೆ ಮಾಡಿ ಮಾತಾಡಿದರು. ಒಬ್ಬರಿಗೂ ಅನುಮಾನ ಬರಲಿಲ್ಲ. ಪುಸ್ತಕದಲ್ಲಿ ನನ್ನನ್ನು ಮೊದಲು ತಡೆದು ನಿಲ್ಲಿಸಿದ್ದು ಈ ವಿವರ. ವೇಷ ಅಷ್ಟು ಚೆನ್ನಾಗಿತ್ತು ಎಂದಲ್ಲ. ಅಲಿಯ ಮಾತನ್ನು ಕಿವಿಗೊಟ್ಟು ಕೇಳುವ ಅಭ್ಯಾಸವೇ ಯಾರಿಗೂ ಇರಲಿಲ್ಲ.

ಡ್ಯೂಸ್‌ಬರ್ಗ್‌ನ ಥೈಸೆನ್ ಉಕ್ಕಿನ ಕಾರ್ಖಾನೆಯಲ್ಲಿ ಅಲಿಗೆ ಕೆಲಸ ಸಿಗುತ್ತದೆ. ಕಾರ್ಖಾನೆ ಒಂದು ಕಂಪನಿಗೆ ಗುತ್ತಿಗೆ ಕೊಟ್ಟಿದೆ, ಆ ಕಂಪನಿ ಇನ್ನೊಬ್ಬನಿಗೆ ಒಳಗುತ್ತಿಗೆ ಕೊಟ್ಟಿದೆ. ಆ ಇನ್ನೊಬ್ಬನೇ ಕೂಲಿಗಳನ್ನು ತಂದು ಇಳಿಸುವವನು. ಪ್ರತಿ ಮೆಟ್ಟಿಲಲ್ಲೂ ಒಂದಿಷ್ಟು ಹಣ ಸೋರಿ, ಕೊನೆಯವನ ಕೈಗೆ ಬರುವುದು ಅಷ್ಟಿಷ್ಟು. ಉಸಿರಿಗೆ ಮುಖಗವಸಿಲ್ಲದೆ ಲೋಹದ ದೂಳಿನಲ್ಲಿ ಕೆಲಸ, ಒಂದು ಪಾಳಿ ಮುಗಿದ ಮೇಲೆ ಇನ್ನೊಂದು ಪಾಳಿ. ಕ್ಯಾಮೆರಾ ಅಲಿಯ ಚೀಲದಲ್ಲಿ ಅಡಗಿದೆ. ಚಿತ್ರ ಅಲುಗುತ್ತದೆ, ಓರೆಯಾಗುತ್ತದೆ, ಎಷ್ಟೋ ಸಲ ಅರ್ಧ ಮುಖ ಮಾತ್ರ ಕಾಣುತ್ತದೆ.

ಚೀಲದೊಳಗಿರುವ ಕ್ಯಾಮೆರಾ ಅದನ್ನು ಹೊತ್ತವನನ್ನು ತೋರಿಸಲಾರದು. ಅದು ಎದುರಿಗೆ ನಿಂತವನನ್ನು ಮಾತ್ರ ತೋರಿಸಬಲ್ಲದು. ಹಾಗಾಗಿ ಚಿತ್ರದ ಮುಖ್ಯ ಭಾಗಗಳಲ್ಲಿ ನಾವು ನೋಡುವುದು ಅಲಿಯ ಸಂಕಟವನ್ನಲ್ಲ, ಅವನೊಡನೆ ಮಾತಾಡುವ ಯಜಮಾನನ ನಿರಾಳವನ್ನು. ಗುತ್ತಿಗೆದಾರ ಕೂತು ಮಾತಾಡುತ್ತಾನೆ. ಕೂಗಾಡುವುದಿಲ್ಲ, ಹಲ್ಲು ಕಡಿಯುವುದಿಲ್ಲ. ವ್ಯಾಪಾರಿ ತನ್ನ ಸರಕಿನ ಲೆಕ್ಕ ಹೇಳುವ ದನಿಯಲ್ಲಿ ಮನುಷ್ಯರ ಲೆಕ್ಕ ಹೇಳುತ್ತಾನೆ. ಕೊನೆಯ ಭಾಗದಲ್ಲಿ ವಾಲ್‌ರಾಫ್ ಒಂದು ನಾಟಕ ಹೂಡುತ್ತಾರೆ. ಅವರ ಗೆಳೆಯರು ಅಣುಸ್ಥಾವರದ ಅಧಿಕಾರಿಗಳಾಗಿ ಬಂದು, ವಿಕಿರಣ ಸೋರುವ ಜಾಗದಲ್ಲಿ ದುರಸ್ತಿ ಮಾಡಲು ಕೆಲವು ತುರ್ಕಿಯವರು ಬೇಕು, ಕೆಲಸವಾದ ಮೇಲೆ ಅವರು ಊರಿಗೆ ಹೋಗಿಬಿಟ್ಟರೆ ಒಳ್ಳೆಯದು ಎನ್ನುತ್ತಾರೆ. ಹೋದವರ ಗತಿ ಏನಾಗುತ್ತದೆ ಎಂಬುದು ಗುತ್ತಿಗೆದಾರನಿಗೆ ಅರ್ಥವಾಗದೆ ಇಲ್ಲ. ಅವನು ಒಪ್ಪುತ್ತಾನೆ.

ಇದನ್ನು ಕೆಲವರು ಮೋಸ ಎಂದರು. ಹೌದು, ಸನ್ನಿವೇಶ ಕಟ್ಟಿದ್ದು. ಆದರೆ ಉತ್ತರ ಕಟ್ಟಿದ್ದಲ್ಲ. ಗುತ್ತಿಗೆದಾರನ ಬಾಯಿಗೆ ಆ ಮಾತುಗಳನ್ನು ಯಾರೂ ತುರುಕಿರಲಿಲ್ಲ. ಇಲ್ಲಿ ವೇಷ ಒಂದು ಬಾಗಿಲಿನ ಕೀಲಿಕೈ. ಬಾಗಿಲು ತೆರೆದ ಮೇಲೆ ಕೀಲಿಕೈ ಹೇಗಿತ್ತು ಎಂದು ನಾವು ಕೇಳುವುದಿಲ್ಲ. ಒಳಗೇನಿದೆ ಎಂದು ನೋಡುತ್ತೇವೆ. ಪುಸ್ತಕ ಬಂದ ಮೇಲೆ ಗುತ್ತಿಗೆ ಕೂಲಿಯ ಬಗ್ಗೆ ತನಿಖೆಗಳು ನಡೆದವು. ಈ ಪರಂಪರೆಯನ್ನು ವಾಲ್‌ರಾಫ್ 2013ರಿಂದ ಆರ್‌ಟಿಎಲ್ ವಾಹಿನಿಯ 'ಟೀಮ್ ವಾಲ್‌ರಾಫ್' ಕಾರ್ಯಕ್ರಮದಲ್ಲಿ, ಕಿರಿಯ ವರದಿಗಾರರ ಜೊತೆ ಮುಂದುವರಿಸಿದರು. 2014ರಲ್ಲಿ ಅವರ ತಂಡ ಬರ್ಗರ್ ಕಿಂಗ್‌ನ ಅಡುಗೆಮನೆಗಳನ್ನು ಹೊಕ್ಕು ನೋಡಿತು. ಅದೇ ವರ್ಷದ ಕೊನೆಗೆ ಆ ಕಂಪನಿ, 89 ಮಳಿಗೆಗಳನ್ನು ನಡೆಸುತ್ತಿದ್ದ ತನ್ನ ಫ್ರಾಂಚೈಸಿಯ ಒಪ್ಪಂದವನ್ನೇ ರದ್ದು ಮಾಡಿತು. ಬಲಿಷ್ಠರು ಬಚ್ಚಿಟ್ಟದ್ದನ್ನು ಬಯಲಿಗೆಳೆಯಲು ಈ ದಾರಿ ಸಲ್ಲುತ್ತದೆ ಎಂಬುದರಲ್ಲಿ ನನಗೆ ಅನುಮಾನವಿಲ್ಲ.

ಹಾಗಿದ್ದರೂ 'ಗಾನ್ಸ್ ಉಂಟನ್' ನನ್ನಲ್ಲಿ ಒಂದು ಮುಳ್ಳನ್ನು ಉಳಿಸಿದೆ. ಜರ್ಮನಿ ಮತ್ತು ತುರ್ಕಿಯ ನಡುವೆ ಕೂಲಿಗಳ ಒಪ್ಪಂದವಾದದ್ದು 1961ರ ಅಕ್ಟೋಬರ್‌ನಲ್ಲಿ. ಪುಸ್ತಕ ಬಂದದ್ದು ಅದಾಗಿ 24 ವರ್ಷಕ್ಕೆ. ಈ 24 ವರ್ಷ ತುರ್ಕಿಯವರು ಬಾಯಿ ಮುಚ್ಚಿಕೊಂಡಿದ್ದರೇ? 1973ರ ಆಗಸ್ಟ್‌ನಲ್ಲಿ ಕಲೋನ್‌ನ ಫೋರ್ಡ್ ಕಾರ್ಖಾನೆಯಲ್ಲಿ, ರಜೆಯಿಂದ ತಡವಾಗಿ ಬಂದರೆಂದು ಸುಮಾರು 300 ತುರ್ಕಿ ಕಾರ್ಮಿಕರನ್ನು ಕೆಲಸದಿಂದ ತೆಗೆದಾಗ ಸಾವಿರಾರು ಜನ ಯಂತ್ರ ನಿಲ್ಲಿಸಿ ಮುಷ್ಕರ ಹೂಡಿದ್ದರು. ಪತ್ರಿಕೆಗಳು ಅದನ್ನು 'ತುರ್ಕಿಗಳ ಮುಷ್ಕರ' ಎಂದು ಕರೆದು ಬದಿಗೆ ಸರಿಸಿದವು. ಅದೇ ವರ್ಷ ಅರಾಸ್ ಓರೆನ್ ಬರ್ಲಿನ್‌ನ ನೌನಿನ್ ಬೀದಿಯ ತುರ್ಕಿ ಕೂಲಿಗಳ ಬಗ್ಗೆ ಒಂದು ದೀರ್ಘ ಕಾವ್ಯ ಪ್ರಕಟಿಸಿದ್ದರು. 1982ರ ಮೇ ತಿಂಗಳಲ್ಲಿ ಸೆಮ್ರಾ ಎರ್ತಾನ್ ಎಂಬ ಕವಯಿತ್ರಿ, ಪರದೇಶಿಯರ ಮೇಲಿನ ದ್ವೇಷವನ್ನು ಪ್ರತಿಭಟಿಸಿ ಹ್ಯಾಂಬರ್ಗ್‌ನಲ್ಲಿ ಆತ್ಮಾಹುತಿ ಮಾಡಿಕೊಂಡರು. ಅದಕ್ಕೆ ಮುಂಚೆ ಅವರು ಪ್ರಸಾರ ಸಂಸ್ಥೆಗೆ ಫೋನ್ ಮಾಡಿ ತಮ್ಮ ಕಾರಣ ಹೇಳಿಕೊಂಡಿದ್ದರು. ಆಗ ಅವರಿಗೆ ವಯಸ್ಸು ಮೂವತ್ತೂ ಆಗಿರಲಿಲ್ಲ.

ವಾಲ್‌ರಾಫ್‌ಗೆ ಇದು ಗೊತ್ತಿತ್ತು. 'ಗಾನ್ಸ್ ಉಂಟನ್' ಪುಸ್ತಕದ ಅರ್ಪಣೆಯಲ್ಲಿರುವ ಹೆಸರುಗಳಲ್ಲಿ ಸೆಮ್ರಾ ಎರ್ತಾನ್ ಹೆಸರೂ ಒಂದು. ಅವರ ಪ್ರಾಮಾಣಿಕತೆಯನ್ನು ನಾನು ಶಂಕಿಸುವುದಿಲ್ಲ. ನನ್ನನ್ನು ಕಾಡುವವರು ಆ ಪುಸ್ತಕ ಕೊಂಡ ಲಕ್ಷಾಂತರ ಓದುಗರು. ಸೆಮ್ರಾ ಬದುಕಿದ್ದಾಗ ಅವರ ಕವಿತೆಗಳಿಗೆ ಆ ಓದುಗರು ಎಲ್ಲಿದ್ದರು? ತುರ್ಕಿಯವನೊಬ್ಬ ಹೇಳಿದಾಗ ದೂರಾಗಿ ಕೇಳಿಸಿದ್ದು, ಜರ್ಮನನೊಬ್ಬ ಟೋಪನ್ ಹಾಕಿಕೊಂಡು ಹೇಳಿದಾಗ ಸತ್ಯವಾಗಿ ಕೇಳಿಸಿತು.

ಇದನ್ನು ದೂರದ ಜರ್ಮನರ ತಪ್ಪು ಎಂದು ಬರೆದು ಕೈ ತೊಳೆದುಕೊಳ್ಳಲು ನನಗೆ ಆಗುವುದಿಲ್ಲ. ಪತ್ರಿಕೋದ್ಯಮದ ವಿದ್ಯಾರ್ಥಿಯಾಗಿದ್ದಾಗ ಒಂದು ವಾರ ಬೆಳಗಿನ ಜಾವ ಎದ್ದು ಪೌರಕಾರ್ಮಿಕರ ಜೊತೆ ಕಸದ ಗಾಡಿಯ ಹಿಂದೆ ಓಡಾಡಿದ್ದೆ. ಕೈಗವಸಿಲ್ಲದೆ ಕಸ ಮುಟ್ಟಿದ್ದು, ವಾಸನೆಗೆ ವಾಂತಿ ಬಂದದ್ದು, ಮನೆಗೆ ಹೋಗಿ ಮೂರು ಸಲ ಸ್ನಾನ ಮಾಡಿದ್ದು, ಎಲ್ಲ ಸೇರಿಸಿ ಲೇಖನ ಬರೆದೆ. ಕಾಲೇಜಿನಲ್ಲಿ ಮೆಚ್ಚುಗೆ ಸಿಕ್ಕಿತು. 'ಪರಕಾಯ ಪ್ರವೇಶ ಮಾಡಿದ್ದೀರಿ' ಎಂದರು ಒಬ್ಬ ಮೇಷ್ಟ್ರು. ಹೆಮ್ಮೆಯಿಂದ ಪತ್ರಿಕೆ ತೆಗೆದುಕೊಂಡು ಹೋಗಿ, ಆ ತಂಡದ ಹಿರಿಯ ಅಕ್ಕ ಒಬ್ಬರಿಗೆ ಓದಿ ಹೇಳಿದೆ. ಕೊನೆವರೆಗೂ ಸುಮ್ಮನೆ ಕೇಳಿ, 'ಗ್ಲೌಸ್ ಕೊಡಿ, ಸಂಬಳ ಸರಿಯಾಗಿ ಕೊಡಿ ಅಂತ ನಾವು ಮೂರು ವರ್ಷದಿಂದ ಹೇಳ್ತಾನೇ ಇದೀವಲ್ಲಪ್ಪ. ನೀನು ಬರೆದ್ಮೇಲೆ ನಿಜ ಆಯ್ತಾ?' ಅಂದರು. ಅವರ ದನಿಯಲ್ಲಿ ಕೋಪ ಇರಲಿಲ್ಲ. ಟೀ ಕುಡಿದು ಹೋಗು ಎಂದೂ ಹೇಳಿದರು. ಆ ಲೇಖನದಲ್ಲಿ ನನ್ನ ವಾಂತಿಗೆ ಒಂದು ಪ್ಯಾರಾ ಇತ್ತು, ಅವರ ಮೂರು ವರ್ಷಕ್ಕೆ ಒಂದು ಸಾಲೂ ಇರಲಿಲ್ಲ ಎಂದು ಗೊತ್ತಾದದ್ದು ಟೀ ಕುಡಿಯುವಾಗ.

ಈ ಪ್ರಶ್ನೆಯನ್ನು ಇಟ್ಟುಕೊಂಡೇ 2009ರ ಚಿತ್ರಕ್ಕೆ ಬರುತ್ತೇನೆ. ಅದರ ಹೆಸರು 'ಶ್ವಾರ್ಟ್ಸ್ ಔಫ್ ವೈಸ್'. 'ಬಿಳಿಯ ಮೇಲೆ ಕಪ್ಪು' ಎಂದು ಅರ್ಥ. ಅಚ್ಚಾದ, ಅಲ್ಲಗಳೆಯಲಾಗದ ಮಾತಿಗೂ ಜರ್ಮನ್‌ನಲ್ಲಿ ಹೀಗೇ ಹೇಳುತ್ತಾರೆ. ವಾಲ್‌ರಾಫ್ ಇಲ್ಲಿ ಕ್ವಾಮಿ ಒಗೊನ್ನೊ. ಮೈಗೆ ಕಪ್ಪು ಬಣ್ಣ, ತಲೆಗೆ ಗುಂಗುರು ಟೋಪನ್. ಬಾಡಿಗೆ ಮನೆ ಕೇಳುತ್ತಾರೆ, ನಾಯಿ ತರಬೇತಿಯ ಕ್ಲಬ್ಬಿಗೆ ಹೋಗುತ್ತಾರೆ, ವಿಹಾರದ ದೋಣಿ ಹತ್ತುತ್ತಾರೆ, ಫುಟ್‌ಬಾಲ್ ಪಂದ್ಯ ಮುಗಿಸಿ ಬರುವ ಅಭಿಮಾನಿಗಳಿಂದ ತುಂಬಿದ ರೈಲಿನಲ್ಲಿ ಕೂರುತ್ತಾರೆ. ಕೆಲವು ಕಡೆ ನಯವಾದ ನಿರಾಕರಣೆ, ಕೆಲವು ಕಡೆ ಬಹಿರಂಗ ಬೈಗುಳ.

ಚಿತ್ರದಲ್ಲಿ ಒಂದು ಬಲವಾದ ಗಳಿಗೆ ಇದೆ. ಕ್ವಾಮಿ ಮನೆ ನೋಡಿ ಹೋದ ಮೇಲೆ, ಚಿತ್ರತಂಡದ ಬಿಳಿಯರು ಬಾಡಿಗೆಗೆ ಬಂದವರಂತೆ ಒಳಗೆ ಬರುತ್ತಾರೆ. ಅಲ್ಲಿಯವರೆಗೆ ಸೌಜನ್ಯದಿಂದಿದ್ದ ಮನೆಯೊಡತಿ, ಈಗ ತನ್ನವರ ಎದುರು ಮನಸ್ಸು ಬಿಚ್ಚಿ, ಆ ಕರಿಯನಿಗೆ ಮನೆ ಕೊಡಲಾರೆ ಎನ್ನುತ್ತಾಳೆ. ಗಮನಿಸಿ, ಆ ಹೊತ್ತಿನಲ್ಲಿ ಕ್ವಾಮಿ ಪರದೆಯ ಮೇಲೆ ಇಲ್ಲ. ಕ್ಯಾಮೆರಾ ಮತ್ತೆ ಅಲಿಯ ಚೀಲಕ್ಕೆ ಮರಳಿದೆ. ಆದ್ದರಿಂದಲೇ ಆ ದೃಶ್ಯ ಗೆಲ್ಲುತ್ತದೆ.

ಉಳಿದೆಡೆ ಕ್ಯಾಮೆರಾ ಮತ್ತೆ ಮತ್ತೆ ಹುಡುಕುವುದು ವಾಲ್‌ರಾಫ್ ಮುಖವನ್ನು. ಬೈಗುಳ ತಿಂದಾಗ ಆ ಮುಖ ಹೇಗಾಯಿತು, ದೋಣಿಯಲ್ಲಿ ಒಬ್ಬಂಟಿಯಾದಾಗ ಹೇಗಿತ್ತು. ಕ್ವಾಮಿಗೆ ಒಂದು ಊರಿಲ್ಲ, ನೆನಪಿಲ್ಲ, ಗೆಳೆಯರಿಲ್ಲ. ಸೊಮಾಲಿಯಾದವನೆಂದು ಹೇಳುವ ಅವನಿಗೆ ಇಟ್ಟಿರುವ ಕ್ವಾಮಿ ಎಂಬ ಹೆಸರು ಘಾನಾ ಕಡೆಯದು, ಅಂದರೆ ಆಫ್ರಿಕಾದ ಇನ್ನೊಂದು ತುದಿಯದು. ಚಿಕ್ಕ ತಪ್ಪು ಎನ್ನಬಹುದು. ಆದರೆ ಜರ್ಮನಿಯ ಒಬ್ಬ ಕಪ್ಪು ಪ್ರಜೆ ಚಿತ್ರಕಥೆಯನ್ನು ಓದಿದ್ದರೂ ಸಿಕ್ಕಿಬೀಳುತ್ತಿದ್ದ ತಪ್ಪು ಅದು. ಕೆಲವು ದೃಶ್ಯಗಳಲ್ಲಿ ಕ್ವಾಮಿ ಎಷ್ಟು ಗದ್ದಲ ಮಾಡುತ್ತಾನೆಂದರೆ, ಎದುರಿನವರು ಹಿಂಜರಿದದ್ದು ಬಣ್ಣ ನೋಡಿಯೋ ವರ್ತನೆ ನೋಡಿಯೋ ಎಂದು ಹೇಳುವುದು ಕಷ್ಟ. ಅಲ್ಲಿಗೆ ಸಾಕ್ಷ್ಯವೇ ಸಡಿಲವಾಗುತ್ತದೆ.

ಜರ್ಮನಿಯ ಕಪ್ಪು ಜನರ ಸಂಘಟನೆಗಳಿಂದ ಚಿತ್ರಕ್ಕೆ ವಿರೋಧ ಬಂತು. 'ಡಾಯ್ಚ್‌ಲಾಂಡ್ ಶ್ವಾರ್ಟ್ಸ್ ವೈಸ್' ಎಂಬ ಪುಸ್ತಕವನ್ನು ಅದರ ಹಿಂದಿನ ವರ್ಷವಷ್ಟೇ ಪ್ರಕಟಿಸಿದ್ದ ಲೇಖಕಿ ನೋವಾ ಸೋ, ಬಣ್ಣ ಬಳಿದುಕೊಂಡ ಬಿಳಿಯನಿಗೆ ಈ ಅನುಭವ ದಕ್ಕುವುದಿಲ್ಲ ಎಂಬ ನಿಲುವು ತಳೆದರು. 1985ರಲ್ಲಿ ವಾಲ್‌ರಾಫ್ ಪರವಾಗಿ ಹೇಳಬಹುದಾಗಿದ್ದ ಒಂದು ಸಮರ್ಥನೆ 2009ರಲ್ಲಿ ಉಳಿದಿರಲಿಲ್ಲ. ಆಫ್ರೋ-ಜರ್ಮನ್ ಮಹಿಳೆಯರು ತಮ್ಮ ಬದುಕನ್ನು ತಾವೇ ಬರೆದ 'ಫಾರ್ಬೆ ಬೆಕೆನ್ನನ್' ಸಂಕಲನ 1986ರಲ್ಲೇ ಬಂದಿತ್ತು. ಅಂದರೆ 'ಗಾನ್ಸ್ ಉಂಟನ್' ಚಿತ್ರ ತೆರೆಕಂಡ ವರ್ಷವೇ. ಅವರು ಮಾತಾಡಲು ಶುರುಮಾಡಿ 23 ವರ್ಷವಾದ ಮೇಲೂ ಅವರ ಪರವಾಗಿ ಮಾತಾಡಲು ಬಣ್ಣದ ಡಬ್ಬಿ ಬೇಕಾಯಿತು.

ನಮ್ಮ ದೇಶದಲ್ಲಿ ಈ ಚರ್ಚೆಯನ್ನು ಬಹಳ ಆಳಕ್ಕೆ ಒಯ್ದವರು ಗೋಪಾಲ್ ಗುರು ಮತ್ತು ಬೆಂಗಳೂರಿನಲ್ಲಿ ನೆಲೆಸಿರುವ ಸುಂದರ್ ಸಾರುಕ್ಕೈ. 2012ರಲ್ಲಿ ಬಂದ ಅವರ 'ದಿ ಕ್ರ್ಯಾಕ್ಡ್ ಮಿರರ್' ಪುಸ್ತಕದಲ್ಲಿ, ದಲಿತರ ಅನುಭವವನ್ನು ಕುರಿತು ಸಿದ್ಧಾಂತ ಕಟ್ಟುವ ಹಕ್ಕು ಯಾರದು ಎಂಬ ವಾಗ್ವಾದವಿದೆ. ಅಲ್ಲಿ ಸಾರುಕ್ಕೈ ಎತ್ತುವ ಒಂದು ಅಂಶ ವಾಲ್‌ರಾಫ್‌ಗೆ ನೇರವಾಗಿ ತಾಗುತ್ತದೆ. ಬೇಕೆಂದಾಗ ಹೊರಗೆ ಬರುವ ಸ್ವಾತಂತ್ರ್ಯ ಇದ್ದರೆ ಅದು ಬಾಳಿದ ಅನುಭವವಲ್ಲ. ಹೊರಗೆ ಬರಲಾಗದ ಸ್ಥಿತಿಯೇ ಆ ಅನುಭವದ ಮುಖ್ಯ ಭಾಗ. ವಾಲ್‌ರಾಫ್ ಥೈಸೆನ್‌ನ ದೂಳು ಕುಡಿದದ್ದು ನಿಜ, ಶ್ವಾಸಕೋಶ ಕೆಡಿಸಿಕೊಂಡದ್ದೂ ನಿಜ. ಆದರೆ ಅವರು ಚೌಕಿಗೆ ಹೋಗಿ ವೇಷ ಕಳಚಬಹುದಿತ್ತು. ಅಲಿಯ ಜೊತೆ ದುಡಿದವರಿಗೆ ಚೌಕಿ ಎಂಬುದೇ ಇರಲಿಲ್ಲ.

ಹಾಗಾದರೆ ಸ್ವಂತ ಮುಖದಲ್ಲೇ ಕ್ಯಾಮೆರಾದ ಮುಂದೆ ನಿಂತರೆ ಏನಾಗುತ್ತದೆ? ಇದಕ್ಕೆ ಜರ್ಮನಿಯಲ್ಲೇ ಒಂದು ಉದಾಹರಣೆ ಇದೆ. ಮೋ ಅಸುಮಾಂಗ್ 1963ರಲ್ಲಿ ಕಾಸಲ್‌ನಲ್ಲಿ ಹುಟ್ಟಿದವರು. ತಾಯಿ ಜರ್ಮನ್, ತಂದೆ ಘಾನಾದವರು. ಟಿವಿ ನಿರೂಪಕಿಯಾಗಿ ಹೆಸರು ಮಾಡಿದ್ದಾಗ ಒಂದು ನವ-ನಾಜಿ ತಂಡ ತನ್ನ ಹಾಡಿನಲ್ಲಿ ಇವರ ಹೆಸರು ಹಿಡಿದು ಗುಂಡಿನ ಬೆದರಿಕೆ ಹಾಕಿತು. ಅದಕ್ಕೆ ಉತ್ತರವಾಗಿ ಅವರು 2007ರಲ್ಲಿ 'ರೂಟ್ಸ್ ಜರ್ಮಾನಿಯಾ', 2014ರಲ್ಲಿ 'ದಿ ಆರಿಯರ್' ಸಾಕ್ಷ್ಯಚಿತ್ರಗಳನ್ನು ಮಾಡಿದರು. ಎರಡನೆಯದರ ಹೆಸರಿನ ಅರ್ಥ 'ಆರ್ಯರು'. ಈ ಪದ ಹೊತ್ತು ಮೆರೆಯುವವರನ್ನು ಹುಡುಕಿಕೊಂಡು ಅವರು ಜರ್ಮನಿಯ ಮೆರವಣಿಗೆಗಳಿಗೆ, ಅಮೆರಿಕಕ್ಕೆ, ಆ ಪದಕ್ಕೆ ಬೇರೆಯದೇ ಹಳೆಯ ನಂಟಿರುವ ಇರಾನಿಗೆ ಹೋಗುತ್ತಾರೆ.

ಅಮೆರಿಕದ ಒಂದು ರಾತ್ರಿ ದೃಶ್ಯ ಮರೆಯಲಾಗದ್ದು. ಕೂ ಕ್ಲಕ್ಸ್ ಕ್ಲಾನ್‌ನವನು ಚೂಪು ಟೋಪಿಯ ಮುಸುಕಿನಲ್ಲಿ ನಿಂತಿದ್ದಾನೆ. ಎದುರಿಗೆ ಮೋ, ಬರಿಮುಖದಲ್ಲಿ. ಕೂಗಾಡದೆ, ಕುತೂಹಲದಿಂದ ಮಾತಾಡಿಸುತ್ತಾರೆ. ಅವನ ಉತ್ತರಗಳು ತಡವರಿಸುತ್ತವೆ. ವಾಲ್‌ರಾಫ್ ಚಿತ್ರಗಳಲ್ಲಿ ಕೇಳುವವನು ವೇಷದಲ್ಲಿದ್ದ, ಸಮಾಜ ಬರಿಮುಖದಲ್ಲಿತ್ತು. ಇಲ್ಲಿ ಅದು ತಿರುವುಮುರುವಾಗಿದೆ. ಮುಖ ಮರೆಸಿಕೊಳ್ಳುವ ಅಗತ್ಯ ದ್ವೇಷಿಸುವವನಿಗೆ ಬಂದಿದೆ.

ಮೋ ಗೆದ್ದರು, ವಾಲ್‌ರಾಫ್ ಸೋತರು ಎಂದು ಬರೆದು ಮುಗಿಸುವುದು ಸುಲಭ. ಅದು ಪೂರ್ತಿ ನಿಜವಾಗುವುದಿಲ್ಲ. ಮೋ ಎದುರು ಬರುವ ಜನಾಂಗದ್ವೇಷ ಘೋಷಿತವಾದದ್ದು. ಧ್ವಜ, ಮುಸುಕು, ಘೋಷಣೆ ಇರುವಂಥದ್ದು. ನಗುಮುಖದ ಮನೆಯೊಡತಿ ಮೋ ಅವರೆದುರೂ ನಗುತ್ತಲೇ ಇರುತ್ತಿದ್ದಳು. ಗುತ್ತಿಗೆದಾರ ತನ್ನ ಲೆಕ್ಕವನ್ನು ಮೈಕ್ ಹಿಡಿದವರಿಗೆ ಎಂದೂ ಹೇಳುತ್ತಿರಲಿಲ್ಲ. ಬೆನ್ನ ಹಿಂದೆ ಆಡುವ ಮಾತನ್ನು ಹಿಡಿಯಲು ಚೀಲದೊಳಗಿನ ಕ್ಯಾಮೆರಾ ಈಗಲೂ ಬೇಕು. ಆದರೆ ಆ ಕ್ಯಾಮೆರಾ ತಂದುಕೊಡುವುದು ಅನ್ಯಾಯ ಮಾಡಿದವನ ವಿರುದ್ಧದ ದಾಖಲೆಯನ್ನು ಮಾತ್ರ. ಅನ್ಯಾಯ ಉಂಡವನ ಕಥೆ ಅದರಲ್ಲಿಲ್ಲ. ದಾಖಲೆ ತಂದವನು ಕಥೆಯನ್ನೂ ತಾನೇ ಹೇಳಲು ಹೊರಟಾಗ ವೇಷ ಬಾಗಿಲಿನ ಕೀಲಿಕೈಯಾಗಿ ಉಳಿಯುವುದಿಲ್ಲ. ಬಾಗಿಲಿಗೆ ಅಡ್ಡ ನಿಂತ ಮೈಯಾಗುತ್ತದೆ. ನನಗೆ ಆದ ಮುಜುಗರಕ್ಕೆ ಕಾರಣ ಇದು ಎಂದು ಈಗ ಅನಿಸುತ್ತಿದೆ.

ಪತ್ರಿಕೋದ್ಯಮ ಓದುವವರು ಈ ಎರಡೂ ಚಿತ್ರಗಳನ್ನು ಒಟ್ಟಿಗೆ ನೋಡಬೇಕು. ಆ ಹಳೆಯ ಲೇಖನದ ಕತ್ತರಿಸಿಟ್ಟ ಪುಟ ಇನ್ನೂ ನನ್ನ ಹತ್ತಿರ ಇದೆ. ಇಂದು ಅದನ್ನು ತಿದ್ದಿ ಬರೆಯುವುದಾದರೆ ವಾಂತಿಯ ಪ್ಯಾರಾ ತೆಗೆದುಹಾಕಿ, ಆ ಅಕ್ಕ ಮೂರು ವರ್ಷದಲ್ಲಿ ಯಾವ್ಯಾವ ಕಚೇರಿಯಲ್ಲಿ, ಯಾರ್ಯಾರ ಮುಂದೆ ನಿಂತು ಏನು ಹೇಳಿದ್ದರು, ಕೇಳಿಸಿಕೊಂಡವರು ಏನು ಉತ್ತರ ಕೊಟ್ಟಿದ್ದರು ಎಂದು ಬರೆಯುತ್ತಿದ್ದೆ. ಅದನ್ನು ಅವರನ್ನೇ ಕೇಳಬೇಕಿತ್ತು. ಟೀ ಕುಡಿಯುತ್ತ ಕೂತಿದ್ದಾಗಲಾದರೂ ಕೇಳಬಹುದಿತ್ತು.